ಹನ್ನೆರಡೇ ವರ್ಷಗಳ ಮಿಂಚಿನ ಓಟ: ಹೊನ್ನಾವರದ ಶಂಕರ್ ನಾಗ್

ಕನ್ನಡ ಚಿತ್ರರಂಗದಲ್ಲಿ ಶಂಕರ್ ನಾಗ್ ಇದ್ದದ್ದು ಹನ್ನೆರಡು ವರ್ಷ ಮಾತ್ರ. 1978ರಲ್ಲಿ ಕತ್ತಿ ಹಿಡಿದ ಯೋಧನಾಗಿ ತೆರೆಗೆ ಬಂದ ಅವರು 1990ರ ಸೆಪ್ಟೆಂಬರ್ 30ರಂದು ದಾವಣಗೆರೆಯ ಬಳಿಯ ಹೆದ್ದಾರಿಯಲ್ಲಿ ಕೊನೆಯುಸಿರೆಳೆದರು. ಆಗ ಅವರಿಗೆ ಮೂವತ್ತಾರು ತುಂಬಲು ಇನ್ನೂ ಒಂದು ತಿಂಗಳ ಮೇಲೆ ಕೆಲವು ದಿನಗಳಿದ್ದವು. ಈ ಅಲ್ಪಾವಧಿಯಲ್ಲಿ ಅವರು ನಟಿಸಿದ ಚಿತ್ರಗಳು ಸುಮಾರು 80. ಇದರ ನಡುವೆಯೇ ಅವರು ಚಿತ್ರಗಳನ್ನು ನಿರ್ದೇಶಿಸಿದರು, ನಾಟಕಗಳನ್ನು ಆಡಿಸಿದರು, ಧ್ವನಿಮುದ್ರಣ ಕೇಂದ್ರವೊಂದನ್ನು ಕಟ್ಟಿದರು, ಇಡೀ ದೇಶವೇ ನೋಡಿದ ಧಾರಾವಾಹಿಯೊಂದನ್ನು ಕಿರುತೆರೆಗೆ ಕೊಟ್ಟರು.

ಅವರು ತೀರಿಕೊಂಡ ಮೇಲೆ ಹುಟ್ಟಿದವರೂ ಇಂದು ಅವರನ್ನು ಬಲ್ಲರು. ಊರೂರಿನ ಆಟೊ ನಿಲ್ದಾಣಗಳ ಫಲಕದಲ್ಲಿ, ಆಟೊಗಳ ಹಿಂಬದಿಯ ಚಿತ್ರದಲ್ಲಿ ಅವರ ಮುಖವಿದೆ. ಮಾಲ್ಗುಡಿಯ ಹುಡುಗ ಸ್ವಾಮಿಯನ್ನು ನೆನೆಯುವವರ ಮನದಲ್ಲೂ ಅವರಿದ್ದಾರೆ. ಈ ಎರಡು ನೆನಪುಗಳು ಒಬ್ಬನೇ ಮನುಷ್ಯನಿಗೆ ಸೇರಿದವು ಎಂಬುದೇ ಅವರ ಬದುಕಿನ ವಿಶೇಷ. ಒಂದು ಕಡೆ ಹೊಡೆದಾಟದ ನಾಯಕ, ಇನ್ನೊಂದು ಕಡೆ ಅಭಿರುಚಿಯ ನಿರ್ದೇಶಕ. ಮೊದಲನೆಯವನ ಸಂಪಾದನೆಯ ಬಲದಲ್ಲೇ ಎರಡನೆಯವನು ಬದುಕಿದ. ಅದಕ್ಕೆ ತೆತ್ತ ಬೆಲೆಯೂ ಸಣ್ಣದಲ್ಲ.

ಕಡಲ ಸೀಮೆಯ ಕುಟುಂಬ

ಶಂಕರ ನಾಗರಕಟ್ಟೆ ಹುಟ್ಟಿದ್ದು 1954ರ ನವೆಂಬರ್ 9ರಂದು, ಉತ್ತರ ಕನ್ನಡದ ಹೊನ್ನಾವರ ಸೀಮೆಯಲ್ಲಿ. ತಂದೆ ಸದಾನಂದ, ತಾಯಿ ಆನಂದಿ. ಅಕ್ಕ ಶ್ಯಾಮಲಾ, ಅಣ್ಣ ಅನಂತ. ಮನೆಮಾತು ಕೊಂಕಣಿ. ಕುಟುಂಬವು ಚಿತ್ರಾಪುರ ಸಾರಸ್ವತ ಸಮುದಾಯಕ್ಕೆ ಸೇರಿದ್ದು. ಈ ಸಮುದಾಯದ ಗುರುಪೀಠವಾದ ಚಿತ್ರಾಪುರ ಮಠವಿರುವುದು ಭಟ್ಕಳ ತಾಲೂಕಿನ ಶಿರಾಲಿಯಲ್ಲಿ. ತೆಂಗಿನಗುಂಡಿಯ ಮೀನುಗಾರರ ಬಂದರು ಅಲ್ಲಿಂದ ದೂರವೇನಿಲ್ಲ. ಭಟ್ಕಳ, ಹೊನ್ನಾವರ, ಕುಮಟಾಗಳ ಈ ಪಟ್ಟಿಯಲ್ಲಿ ಒಂದು ಕಡೆ ಅರಬ್ಬಿ ಸಮುದ್ರ, ಇನ್ನೊಂದು ಕಡೆ ಪಶ್ಚಿಮ ಘಟ್ಟ. ನಡುವಿನ ಸಣ್ಣ ಜಾಗದಲ್ಲಿ ತೆಂಗು, ಗದ್ದೆ, ದೇವಸ್ಥಾನ, ಹೊಳೆಬಾಗಿಲು.

ಈ ನೆಲಕ್ಕೆ ವೇಷ ಕಟ್ಟುವುದು ಹೊಸದಲ್ಲ. ಹೊನ್ನಾವರ ತಾಲೂಕಿನ ಗುಣವಂತೆಯ ಕೆರೆಮನೆ ಯಕ್ಷಗಾನ ಮೇಳ ಹುಟ್ಟಿದ್ದು 1934ರಲ್ಲಿ. ಚಿಟ್ಟಾಣಿ ರಾಮಚಂದ್ರ ಹೆಗಡೆಯವರಂಥ ಮೇರು ಕಲಾವಿದರು ಇದೇ ತಾಲೂಕಿನವರು. ಆದರೆ ನಾಗರಕಟ್ಟೆ ಕುಟುಂಬದ ಇಬ್ಬರು ಗಂಡುಮಕ್ಕಳ ರಂಗದ ಓದು ನಡೆದದ್ದು ಇಲ್ಲಲ್ಲ, ಮುಂಬೈಯಲ್ಲಿ. ಕರಾವಳಿಯ ಅನೇಕ ಕುಟುಂಬಗಳಂತೆ ಇವರ ದಾರಿಯೂ ಆ ಮಹಾನಗರದತ್ತ ಸಾಗಿತ್ತು.

ಅಣ್ಣ ಅನಂತ ನಾಗ್ ಅಲ್ಲಿನ ರಂಗಭೂಮಿಯಲ್ಲಿ ಹೆಸರು ಮಾಡಿ 'ಸಂಕಲ್ಪ' ಚಿತ್ರದ ಮೂಲಕ ಕನ್ನಡಕ್ಕೂ, ಶ್ಯಾಮ್ ಬೆನಗಲ್ ಅವರ 'ಅಂಕುರ್' ಮೂಲಕ ಹಿಂದಿಗೂ ಬಂದರು. ತಮ್ಮ ಶಂಕರ ಮರಾಠಿ ರಂಗಭೂಮಿಯಲ್ಲಿ ಮುಳುಗಿಹೋದರು. ಎಪ್ಪತ್ತರ ದಶಕದ ಮರಾಠಿ ರಂಗಭೂಮಿ ಭಾರತದ ಅತ್ಯಂತ ಜೀವಂತ ರಂಗಭೂಮಿಗಳಲ್ಲಿ ಒಂದಾಗಿತ್ತು. ಅಲ್ಲಿ ನಟನೆಂದರೆ ವೇದಿಕೆಯ ಮೇಲೆ ನಿಲ್ಲುವವನಷ್ಟೇ ಅಲ್ಲ. ಬೆಳಕು ಕಟ್ಟುವುದು, ಸಾಮಾನು ಹೊರುವುದು, ಸಂಭಾಷಣೆ ತಿದ್ದುವುದು, ಇನ್ನೊಬ್ಬರ ಪಾತ್ರಕ್ಕೆ ಎದುರು ನಿಂತು ತಾಲೀಮು ಮಾಡಿಸುವುದು ಎಲ್ಲವೂ ಅವನ ಕೆಲಸವೇ. ಮುಂದೆ ಶಂಕರ್ ನಾಗ್ ಚಿತ್ರೀಕರಣದ ಸ್ಥಳದಲ್ಲಿ ಎಲ್ಲ ವಿಭಾಗಗಳಿಗೂ ಕೈ ಹಚ್ಚುತ್ತಿದ್ದುದರ ಮೂಲ ಇಲ್ಲಿದೆ. ಬಾಳಸಂಗಾತಿ ಅರುಂಧತಿಯವರ ಪರಿಚಯವಾದದ್ದೂ ನಾಟಕದ ತಾಲೀಮಿನಲ್ಲೇ.

ಬರವಣಿಗೆಯಲ್ಲೂ ಅವರ ಕೈ ಪಳಗಿತ್ತು. ಪುಣೆಯ ಚಾಪೇಕರ್ ಸಹೋದರರು ಬ್ರಿಟಿಷ್ ಅಧಿಕಾರಿ ರ್‍ಯಾಂಡ್‌ನನ್ನು ಕೊಂದ ಘಟನೆಯನ್ನು ಕುರಿತ ಮರಾಠಿ ಚಿತ್ರ '22 ಜೂನ್ 1897' 1979ರಲ್ಲಿ ತೆರೆಕಂಡಿತು. ಜಯೂ ಮತ್ತು ನಚಿಕೇತ್ ಪಟವರ್ಧನ್ ನಿರ್ದೇಶನದ ಈ ಚಿತ್ರದ ಬರವಣಿಗೆಯಲ್ಲಿ ಶಂಕರ್ ನಾಗ್ ಪಾಲುದಾರರಾಗಿದ್ದರು.

ಬಾಡಿಗೆ ಕತ್ತಿಯ ಗಂಡುಗಲಿ

ಮುಂಬೈ ರಂಗಭೂಮಿಯ ಈ ಯುವಕನನ್ನು ಕನ್ನಡಕ್ಕೆ ತಂದವರು ಗಿರೀಶ ಕಾರ್ನಾಡರು. ಅವರೂ ಬಾಲ್ಯವನ್ನು ಉತ್ತರ ಕನ್ನಡದ ಶಿರಸಿಯಲ್ಲಿ ಕಳೆದವರು. ಅವರ ನಿರ್ದೇಶನದ 'ಒಂದಾನೊಂದು ಕಾಲದಲ್ಲಿ' 1978ರಲ್ಲಿ ಬಂತು. ಜಿ.ಎನ್. ಲಕ್ಷ್ಮೀಪತಿ ನಿರ್ಮಾಪಕರು, ಎ.ಕೆ. ಬೀರ್ ಛಾಯಾಗ್ರಾಹಕರು, ಭಾಸ್ಕರ ಚಂದಾವರ್ಕರ್ ಸಂಗೀತ ನಿರ್ದೇಶಕರು.

ಈ ಚಿತ್ರವನ್ನು ಅರ್ಥ ಮಾಡಿಕೊಳ್ಳಲು ಕೊಂಚ ಹೊರಗೆ ನೋಡಬೇಕು. ಜಪಾನಿನ ನಿರ್ದೇಶಕ ಅಕಿರಾ ಕುರೊಸಾವಾ ಅಮೆರಿಕದ ಜಾನ್ ಫೋರ್ಡ್ ಮಾಡಿದ ವೆಸ್ಟರ್ನ್ ಚಿತ್ರಗಳ ದೊಡ್ಡ ಅಭಿಮಾನಿ. ಕುದುರೆ, ಧೂಳು, ಕಾನೂನಿಲ್ಲದ ಊರು, ಒಂಟಿ ವೀರ ಎಂಬ ಆ ಚಿತ್ರಗಳ ಸಾಮಗ್ರಿಯನ್ನು ಅವರು ತಮ್ಮ ಸಮುರಾಯ್ ಕಥೆಗಳಿಗೆ ಒಗ್ಗಿಸಿಕೊಂಡರು. ಅಲ್ಲಿಂದ ಸಾಲ ಮತ್ತೆ ಪಶ್ಚಿಮಕ್ಕೆ ಮರಳಿತು. 1954ರ 'ಸೆವೆನ್ ಸಮುರಾಯ್' 1960ರಲ್ಲಿ ಹಾಲಿವುಡ್‌ನ 'ದಿ ಮ್ಯಾಗ್ನಿಫಿಸೆಂಟ್ ಸೆವೆನ್' ಆಯಿತು. 1961ರ 'ಯೋಜಿಂಬೊ' 1964ರಲ್ಲಿ ಇಟಲಿಯ ಸೆರ್ಜಿಯೊ ಲಿಯೋನೆ ಕೈಯಲ್ಲಿ 'ಎ ಫಿಸ್ಟ್‌ಫುಲ್ ಆಫ್ ಡಾಲರ್ಸ್' ಆಯಿತು. ಭಾರತದಲ್ಲಿ ಆ ಅಲೆಯ ತುದಿಯಂತೆ 1975ರಲ್ಲಿ 'ಶೋಲೆ' ಬಂತು. ಅದಕ್ಕೆ ಬೇಕಾದ ಬಂಡೆಗಳ ನಾಡು ಸಿಕ್ಕಿದ್ದು ಬೆಂಗಳೂರಿನ ನೆರೆಯ ರಾಮನಗರದಲ್ಲಿ.

ಕಾರ್ನಾಡರು ಹಿಡಿದದ್ದು ಬೇರೆ ದಾರಿ. ಕುರೊಸಾವಾಗೆ ಸಲ್ಲಿಸಿದ ಗೌರವದಂತಿರುವ ಅವರ ಚಿತ್ರದಲ್ಲಿ ಬಂದೂಕಿಲ್ಲ, ದರೋಡೆಕೋರರ ಗುಂಪಿಲ್ಲ. ಮಧ್ಯಯುಗದ ಕರ್ನಾಟಕದಲ್ಲಿ ಪರಸ್ಪರ ಹಗೆ ಸಾಧಿಸುವ ಪುಟ್ಟ ಪಾಳೆಯಗಾರರು, ಅವರ ನಡುವೆ ಕೂಲಿಗೆ ಕತ್ತಿ ಹಿಡಿಯುವ ಯೋಧರು. ಒಂದು ಪಕ್ಷದಲ್ಲಿ ಗಂಡುಗಲಿ ಎಂಬ ಯುವಕ, ಇನ್ನೊಂದು ಪಕ್ಷದಲ್ಲಿ ಪೆರ್ಮಾಡಿ ಎಂಬ ಅನುಭವಿ ದಂಡನಾಯಕ. ಪೆರ್ಮಾಡಿಯಾಗಿ ಸುಂದರಕೃಷ್ಣ ಅರಸು ತಮ್ಮ ಗಂಭೀರ ಧ್ವನಿ, ತೂಕದ ನಿಲುವುಗಳಿಂದ ತೆರೆಯನ್ನು ತುಂಬಿದರು. ಗಂಡುಗಲಿಯಾಗಿ ಶಂಕರ್ ನಾಗ್ ಎದುರು ನಿಂತರು. ಒಬ್ಬ ಮಾಗಿದ ನಟನ ಎದುರು ಹೊಸಬನೊಬ್ಬ ಕಣ್ಣಿನ ಚುರುಕು, ಮೈಯ ಹಗುರ, ಸ್ವಲ್ಪ ಉಡಾಫೆಗಳಿಂದಲೇ ಸಮತೂಕ ಸಾಧಿಸಿದ್ದು ಇಂದು ನೋಡಿದರೂ ಹಿತವಾಗಿದೆ. ಗಂಡುಗಲಿ ಆದರ್ಶ ವೀರನಲ್ಲ. ಅವನಿಗೆ ಹಸಿವಿದೆ, ಲೆಕ್ಕಾಚಾರವಿದೆ. ತನ್ನ ಕತ್ತಿ ಮಾರಾಟಕ್ಕಿದೆ, ಮಾನ ಮಾರಾಟಕ್ಕಿಲ್ಲ ಎಂಬ ಸೂಕ್ಷ್ಮ ಗೆರೆಯೊಂದಿದೆ. ನಾಯಕನ ಠೀವಿಗಿಂತ ಪಾತ್ರದ ಸ್ವಭಾವವನ್ನೇ ನೆಚ್ಚಿಕೊಂಡ ಅಭಿನಯ ಅದು.

ಚಿತ್ರಕ್ಕೆ ಆ ವರ್ಷದ ಅತ್ಯುತ್ತಮ ಕನ್ನಡ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ದೊರೆಯಿತು. 1979ರಲ್ಲಿ ದೆಹಲಿಯಲ್ಲಿ ನಡೆದ ಭಾರತದ ಅಂತಾರಾಷ್ಟ್ರೀಯ ಚಿತ್ರೋತ್ಸವದಲ್ಲಿ ಶಂಕರ್ ನಾಗ್ ಅತ್ಯುತ್ತಮ ನಟರೆನಿಸಿದರು. ಮೊದಲ ಕನ್ನಡ ಚಿತ್ರಕ್ಕೇ, ಇಪ್ಪತ್ತನಾಲ್ಕರ ವಯಸ್ಸಿಗೇ ಸಿಕ್ಕ ಗೌರವ ಅದು.

ಆಟೊರಾಜನ ಉದಯ

ಇಂಥ ಆರಂಭ ಕಂಡ ನಟ ಹೊಸ ಅಲೆಯ ಚಿತ್ರಗಳಲ್ಲೇ ಉಳಿಯಬಹುದಿತ್ತು. ಆದರೆ ವರ್ಷಕ್ಕೊಂದೆರಡು ಕಲಾತ್ಮಕ ಚಿತ್ರಗಳನ್ನು ನೆಚ್ಚಿ ಮನೆ ನಡೆಸುವುದು ಕಷ್ಟ, ಚಿತ್ರ ನಿರ್ಮಿಸುವುದಂತೂ ದೂರದ ಮಾತು. ಶಂಕರ್ ನಾಗ್ ವಾಣಿಜ್ಯ ಚಿತ್ರಗಳ ಬಾಗಿಲು ತಟ್ಟಿದರು. 1979ರಲ್ಲಿ ವಿ. ಸೋಮಶೇಖರ್ ನಿರ್ದೇಶನದ 'ಸೀತಾರಾಮು' ಜನಪ್ರಿಯವಾಯಿತು. ಮರುವರ್ಷ ವಿಜಯ್ ನಿರ್ದೇಶನದ 'ಆಟೊ ರಾಜ' ಬಂತು. ಗಾಯತ್ರಿ ನಾಯಕಿ, ರಾಜನ್-ನಾಗೇಂದ್ರ ಅವರ ಸಂಗೀತ. ಖಾಕಿ ತೊಟ್ಟ ಪ್ರಾಮಾಣಿಕ ಆಟೊ ಚಾಲಕನ ಪಾತ್ರ ರಾಜ್ಯದ ಆಟೊ ಚಾಲಕರಿಗೆ ತಮ್ಮದೇ ಕನ್ನಡಿಯಂತೆ ಕಂಡಿತು.

ಇದು ಆಕಸ್ಮಿಕವಲ್ಲ. ಹಳ್ಳಿಗಳಿಂದ ನಗರಕ್ಕೆ ಬಂದ ಯುವಕರ ಪಾಲಿಗೆ ಆಟೊ ಒಂದು ದುಡಿಮೆಯ ದಾರಿಯಾಗಿದ್ದ ಕಾಲ ಅದು. ಬೈಗುಳ, ದಂಡ, ಅನುಮಾನಗಳ ನಡುವೆಯೇ ದಿನ ದೂಡುತ್ತಿದ್ದವರಿಗೆ ತೆರೆಯ ಮೇಲೆ ಗೌರವ ಸಿಕ್ಕಿತು. ಶಂಕರ್ ನಾಗ್ ರೂಪದಲ್ಲಿ ಪೌರಾಣಿಕ ಕಳೆ ಇರಲಿಲ್ಲ. ಕೆದರಿದ ಕೂದಲು, ಗಡಸು ದನಿ, ವೇಗದ ನಡಿಗೆಯ ಆತ ಪಕ್ಕದ ಬೀದಿಯ ಹುಡುಗನಂತಿದ್ದರು. ಚಾಲಕರು ಅವರನ್ನು ತಮ್ಮವನೆಂದು ಒಪ್ಪಿಕೊಂಡರು, ಇಂದಿಗೂ ಬಿಟ್ಟುಕೊಟ್ಟಿಲ್ಲ.

ಅಲ್ಲಿಂದ ಮುಂದೆ ಚಿತ್ರಗಳ ಸರಮಾಲೆ. ಹೊಡೆದಾಟದ ಚಿತ್ರಗಳು ಅವರಿಗೆ ಕರಾಟೆ ಕಿಂಗ್ ಎಂಬ ಬಿರುದು ತಂದವು. ಇವುಗಳಲ್ಲಿ ಎಲ್ಲವೂ ನೆನಪಿನಲ್ಲಿ ಉಳಿಯುವಂಥವಲ್ಲ ಎಂಬುದನ್ನು ಒಪ್ಪಿಕೊಳ್ಳಬೇಕು. ಒಂದೇ ಅಚ್ಚಿನ ಕಥೆ, ಸೇಡು, ಕೊನೆಯ ಹೊಡೆದಾಟ. ಗಂಡುಗಲಿಯನ್ನು ನೋಡಿದ್ದ ಪ್ರೇಕ್ಷಕನಿಗೆ ನಿರಾಸೆಯಾಗುವಷ್ಟು ಸಾಧಾರಣ ಚಿತ್ರಗಳೂ ಇದ್ದವು. ಬಾಡಿಗೆಗೆ ಕತ್ತಿ ಹಿಡಿದ ಯೋಧನ ಪಾತ್ರ ತೆರೆಯಿಂದ ಇಳಿದು ನಟನ ಬದುಕಿಗೇ ಬಂದಂತಿತ್ತು.

ಆದರೂ ಪಾತ್ರಪೋಷಣೆಯ ನಟ ಅವರೊಳಗೆ ಜೀವಂತವಾಗಿದ್ದ. 1984ರಲ್ಲಿ ಕಾರ್ನಾಡರು 'ಮೃಚ್ಛಕಟಿಕ'ವನ್ನು ಆಧರಿಸಿ ಹಿಂದಿಯಲ್ಲಿ 'ಉತ್ಸವ್' ಮಾಡಿದಾಗ ಶಂಕರ್ ನಾಗ್ ಅದರಲ್ಲಿ ಕಳ್ಳನ ಪಾತ್ರ ವಹಿಸಿದರು. ರೇಖಾ, ಶಶಿ ಕಪೂರ್, ಅಮ್ಜದ್ ಖಾನ್, ಶೇಖರ್ ಸುಮನ್ ಇದ್ದ ಚಿತ್ರವದು. ಕನ್ನಡದಲ್ಲಿ ಭಿತ್ತಿಪತ್ರದ ತುಂಬ ತಾನೇ ನಿಲ್ಲುತ್ತಿದ್ದ ನಾಯಕ ಅಲ್ಲಿ ಸಣ್ಣ ಪಾತ್ರಕ್ಕೆ ಒಪ್ಪಿದ್ದರು. ಕನ್ನ ಹಾಕುವುದನ್ನೂ ಒಂದು ಕಲೆಯೆಂದು ತಿಳಿದವನು ಈ ಕಳ್ಳ. ಶಂಕರ್ ಅವರ ತುಂಟತನಕ್ಕೆ ಪಾತ್ರ ಸರಿಯಾಗಿ ಹೊಂದಿತ್ತು.

ಸಂಕೇತ್: ಗಳಿಸಿದ್ದು ಹೋದ ದಾರಿ

ವಾಣಿಜ್ಯ ಚಿತ್ರಗಳ ಸಂಪಾದನೆ ಎಲ್ಲಿಗೆ ಹೋಯಿತು ಎಂಬುದಕ್ಕೆ ಉತ್ತರ ಸಂಕೇತ್ ಎಂಬ ಹೆಸರಿನಲ್ಲಿದೆ. ಅದೇ ಹೆಸರಿನ ರಂಗತಂಡ ಬೆಂಗಳೂರಿನಲ್ಲಿ ನಾಟಕಗಳನ್ನು ಆಡಿತು. ಕಾರ್ನಾಡರ 'ಅಂಜುಮಲ್ಲಿಗೆ', ಮರಾಠಿಯ ಜಯವಂತ ದಳವಿಯವರ 'ಬ್ಯಾರಿಸ್ಟರ್' ಮತ್ತು 'ಸಂಧ್ಯಾಛಾಯಾ', ನಗಿಸುವ 'ನೋಡಿ ಸ್ವಾಮಿ ನಾವಿರೋದು ಹೀಗೆ', 'ಆಟ ಬೊಂಬಾಟ', ಕೊನೆಯದಾಗಿ 'ನಾಗಮಂಡಲ'. ಹಗಲು ಚಿತ್ರೀಕರಣ, ಸಂಜೆ ತಾಲೀಮು ಎಂಬ ದಿನಚರಿಯನ್ನು ಬೇಡಿಕೆಯ ತುದಿಯಲ್ಲಿದ್ದ ಚಿತ್ರನಟನೊಬ್ಬ ಪಾಲಿಸಿದ್ದು ಅಪರೂಪ.

ಅದೇ ಬಳಗ ಸಿನಿಮಾಕ್ಕೂ ಇಳಿಯಿತು. 1980ರ 'ಮಿಂಚಿನ ಓಟ' ಶಂಕರ್ ನಾಗ್ ನಿರ್ದೇಶನದ ಮೊದಲ ಚಿತ್ರ. ಕಾರು ಕಳ್ಳರ ಕಥೆ, ಸೆರೆಮನೆಯಿಂದ ಪಾರಾಗುವ ಸಾಹಸ. ಅನಂತ ನಾಗ್, ಲೋಕೇಶ್, ಪ್ರಿಯಾ ತೆಂಡೂಲ್ಕರ್, ರಮೇಶ್ ಭಟ್ ತಾರಾಗಣದಲ್ಲಿದ್ದರು. ಮನದೀಪ್ ರಾಯ್ ಅವರಿಗೆ ಇದು ಮೊದಲ ಚಿತ್ರ. ರಂಜನೆಯ ಕಥೆಯನ್ನೂ ಮೆದುಳು ಬಳಸಿ ಹೇಳಬಹುದು ಎಂದು ತೋರಿಸಿದ ಈ ಚಿತ್ರ ರಾಜ್ಯ ಸರ್ಕಾರದ ಅತ್ಯುತ್ತಮ ಚಿತ್ರ ಪ್ರಶಸ್ತಿ ಪಡೆಯಿತು. ಮುಂದೆ 'ಜನ್ಮ ಜನ್ಮದ ಅನುಬಂಧ', 'ಗೀತಾ' ಬಂದವು. ಎರಡಕ್ಕೂ ಇಳಯರಾಜಾ ಸಂಗೀತ. 1981ರ 'ಗೀತಾ' ಚಿತ್ರದ ಹಾಡುಗಳು ಇಂದಿಗೂ ಬಾನುಲಿಯಲ್ಲಿ, ಮದುವೆಯ ವಾದ್ಯಗೋಷ್ಠಿಗಳಲ್ಲಿ ಕೇಳಿಬರುತ್ತವೆ.

ತಾವು ನಿರ್ದೇಶಿಸಿದ ಚಿತ್ರಗಳಲ್ಲಿ ಶಂಕರ್ ನಾಗ್ ತಮಗಿಂತ ಅಣ್ಣನಿಗೆ, ಗೆಳೆಯರಿಗೆ ಒಳ್ಳೆಯ ಪಾತ್ರ ಕೊಡಲು ಹಿಂಜರಿಯಲಿಲ್ಲ. ಪೋಷಕ ನಟರು ಎಂದು ಪಟ್ಟಿಯ ಕೊನೆಗೆ ತಳ್ಳಲ್ಪಡುತ್ತಿದ್ದವರು ಅವರ ಚೌಕಟ್ಟಿನಲ್ಲಿ ಮನುಷ್ಯರಾದರು. ರಮೇಶ್ ಭಟ್ ಅವರ ವೃತ್ತಿಜೀವನವೇ ಇದಕ್ಕೆ ದೊಡ್ಡ ನಿದರ್ಶನ.

ಆಗ ಕನ್ನಡ ಚಿತ್ರಗಳು ಹಾಡಿನ ಧ್ವನಿಮುದ್ರಣಕ್ಕೂ ಇತರ ತಾಂತ್ರಿಕ ಕೆಲಸಗಳಿಗೂ ಮದ್ರಾಸನ್ನು ನೆಚ್ಚಿದ್ದವು. ಪ್ರತಿ ಚಿತ್ರದ ಖರ್ಚಿನಲ್ಲಿ ಪ್ರಯಾಣ, ವಸತಿ, ಕಾಯುವಿಕೆಗಳ ಪಾಲಿತ್ತು. ಬೆಂಗಳೂರಿನಲ್ಲೇ ಆಧುನಿಕ ಧ್ವನಿಮುದ್ರಣ ಕೇಂದ್ರವೊಂದು ಬೇಕೆಂದು ಶಂಕರ್ ನಾಗ್ ದಂಪತಿ ಸಂಕೇತ್ ಎಲೆಕ್ಟ್ರಾನಿಕ್ಸ್ ಕಟ್ಟಿದರು. ಸಂಪಾದನೆಯನ್ನು ನಿವೇಶನ, ತೋಟಗಳಿಗೆ ಹಾಕುವ ಬದಲು ಯಂತ್ರಗಳಿಗೆ ಸುರಿದದ್ದು ಧೈರ್ಯದ ಕೆಲಸ. ಅದರ ಸಾಲ ತೀರಿಸಲು ಮತ್ತಷ್ಟು ಚಿತ್ರಗಳಿಗೆ ಸಹಿ ಹಾಕಬೇಕಾಗುತ್ತಿತ್ತು. ಕನಸು ದೊಡ್ಡದಾದಷ್ಟೂ ಬಾಡಿಗೆ ಕತ್ತಿಗೆ ಬಿಡುವು ಕಡಿಮೆಯಾಯಿತು.

ಹಾಡಿಲ್ಲದ ಆಕ್ಸಿಡೆಂಟ್

ಈ ದುಡಿಮೆಗೆ ಅರ್ಥ ಕೊಟ್ಟ ಚಿತ್ರಗಳಲ್ಲಿ 'ಆಕ್ಸಿಡೆಂಟ್' ಮುಖ್ಯವಾದದ್ದು. ವಸಂತ ಮೊಕಾಶಿಯವರ ಕಥೆ, ಇಳಯರಾಜಾ ಅವರ ಹಿನ್ನೆಲೆ ಸಂಗೀತ, ಹಾಡುಗಳಿಲ್ಲ. ಅಮಲಿನಲ್ಲಿ ಕಾರು ಓಡಿಸಿದ ಶ್ರೀಮಂತ ಯುವಕನೊಬ್ಬ ಪಾದಚಾರಿ ದಾರಿಯಲ್ಲಿ ಮಲಗಿದ್ದ ಬಡವರ ಮೇಲೆ ಹರಿಸುತ್ತಾನೆ. ಅವನ ತಂದೆ ಪ್ರಭಾವಿ ರಾಜಕಾರಣಿ. ಪೊಲೀಸ್ ವ್ಯವಸ್ಥೆ, ಹಣ, ಚುನಾವಣೆ ಎಲ್ಲವೂ ಸೇರಿ ಸತ್ಯವನ್ನು ಹೂಳಲು ಹೊರಡುತ್ತವೆ. ಸತ್ಯದ ಬೆನ್ನು ಹತ್ತುವ ಪತ್ರಕರ್ತನಾಗಿ ಶಂಕರ್ ನಾಗ್, ರಾಜಕಾರಣಿಯಾಗಿ ಅನಂತ ನಾಗ್, ಬದುಕುಳಿದ ಬಡವನಾಗಿ ರಮೇಶ್ ಭಟ್.

ಹೊಡೆದಾಟದ ನಾಯಕನೆಂದು ಹೆಸರಾದವರು ಇಲ್ಲಿ ಒಬ್ಬರಿಗೂ ಹೊಡೆದು ಗೆಲ್ಲುವುದಿಲ್ಲ. ಪ್ರಶ್ನೆ ಕೇಳುತ್ತಾರೆ, ಟಿಪ್ಪಣಿ ಬರೆದುಕೊಳ್ಳುತ್ತಾರೆ, ಮುಚ್ಚಿದ ಬಾಗಿಲುಗಳ ಮುಂದೆ ಕಾಯುತ್ತಾರೆ. ಚಿತ್ರಕ್ಕೆ ಸಾಮಾಜಿಕ ಸಮಸ್ಯೆ ಕುರಿತ ಅತ್ಯುತ್ತಮ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಬಂತು. ಕುಡಿದು ವಾಹನ ಓಡಿಸಿ ಬೀದಿಯಲ್ಲಿ ಮಲಗಿದವರನ್ನು ಬಲಿ ಪಡೆದ ಪ್ರಕರಣಗಳು ನಂತರದ ದಶಕಗಳಲ್ಲಿ ದೇಶದ ದೊಡ್ಡ ನಗರಗಳಲ್ಲಿ ಸುದ್ದಿಯಾದಾಗಲೆಲ್ಲ ಕನ್ನಡಿಗರು ಈ ಚಿತ್ರವನ್ನು ನೆನೆದಿದ್ದಾರೆ.

1987ರಲ್ಲಿ ಅವರು ಡಾ. ರಾಜ್‌ಕುಮಾರ್ ಅವರನ್ನು ನಿರ್ದೇಶಿಸುವ ಅವಕಾಶ ಪಡೆದರು. ಜಾನ್ ಸ್ಟೈನ್‌ಬೆಕ್‌ನ 'ದಿ ಪರ್ಲ್' ಕಾದಂಬರಿಯನ್ನು ಆಧರಿಸಿದ 'ಒಂದು ಮುತ್ತಿನ ಕಥೆ' ಕಡಲಿಗೆ ಮುಳುಗಿ ಮುತ್ತು ತರುವ ಬಡವನ ಕಥೆ. ದೊಡ್ಡ ಮುತ್ತು ಸಿಕ್ಕ ದಿನದಿಂದ ಅವನ ನೆಮ್ಮದಿ ಕೆಡುತ್ತದೆ. ಕರಾವಳಿಯಲ್ಲಿ ಹುಟ್ಟಿದ ನಿರ್ದೇಶಕನಿಗೆ ಕಡಲು, ದೋಣಿ, ಮೀನುಗಾರರ ಕೇರಿಗಳ ಕಥೆ ಸಿಕ್ಕಿತ್ತು. ನೀರಿನಾಳದ ದೃಶ್ಯಗಳನ್ನು ಮಾಲ್ದೀವ್ಸ್‌ನಲ್ಲಿ ಚಿತ್ರಿಸಲಾಯಿತು. ಕನ್ನಡದ ಮಟ್ಟಿಗೆ ಅದು ದೊಡ್ಡ ಸಾಹಸ. ಗಲ್ಲಾಪೆಟ್ಟಿಗೆಯಲ್ಲಿ ಮಾತ್ರ ಚಿತ್ರಕ್ಕೆ ನಿರೀಕ್ಷಿಸಿದ ಯಶಸ್ಸು ಸಿಗಲಿಲ್ಲ. ಅವರಿಬ್ಬರ ಜೋಡಿಯಲ್ಲಿ ನಿರ್ದೇಶಕ-ನಟನಾಗಿ ಬಂದ ಏಕೈಕ ಚಿತ್ರವಾಗಿ ಅದು ಉಳಿಯಿತು.

ಆಗುಂಬೆಯಲ್ಲಿ ಮಾಲ್ಗುಡಿ

ಎಂಬತ್ತರ ದಶಕದ ನಡುವಿನಲ್ಲಿ ಭಾರತದ ಮನೆಗಳಲ್ಲಿ ಟಿವಿ ಎಂದರೆ ದೂರದರ್ಶನ ಮಾತ್ರ. 1984ರ 'ಹಮ್ ಲೋಗ್' ನಂತರ ಧಾರಾವಾಹಿಗಳ ಕಾಲ ಆರಂಭವಾಗಿತ್ತು. ಆರ್.ಕೆ. ನಾರಾಯಣ್ ಅವರ ಕಥೆಗಳನ್ನು ಕಿರುತೆರೆಗೆ ತರಲು ನಿರ್ಮಾಪಕ ಟಿ.ಎಸ್. ನರಸಿಂಹನ್ ಮುಂದಾದಾಗ ನಿರ್ದೇಶನದ ಹೊಣೆ ಶಂಕರ್ ನಾಗ್ ಅವರಿಗೆ ಬಂತು. ಹೊಣೆ ಸುಲಭದ್ದಲ್ಲ. ತಮ್ಮ 'ಗೈಡ್' ಕಾದಂಬರಿ ಹಿಂದಿ ಚಿತ್ರವಾದ ಬಗೆಯ ಕುರಿತು ನಾರಾಯಣ್ ತಮ್ಮ ಅತೃಪ್ತಿಯನ್ನು ಬರೆದೇ ಹೇಳಿದ್ದರು.

ಮಾಲ್ಗುಡಿ ಯಾವ ಭೂಪಟದಲ್ಲೂ ಇಲ್ಲದ ಊರು. ಅದನ್ನು ಶಂಕರ್ ನಾಗ್ ಶಿವಮೊಗ್ಗ ಜಿಲ್ಲೆಯ ಆಗುಂಬೆಯಲ್ಲಿ ಕಂಡುಕೊಂಡರು. ಹಳೆಯ ಹೆಂಚಿನ ಮನೆಗಳು, ಮಳೆಯಲ್ಲಿ ಮಾಸಿದ ಗೋಡೆಗಳು, ಅಗಲ ಜಗುಲಿಯ ದೊಡ್ಡಮನೆ. ಊರ ಬೀದಿಯನ್ನೇ ಬ್ರಿಟಿಷರ ಕಾಲದ ಪಟ್ಟಣವಾಗಿ ಮಾರ್ಪಡಿಸುವ ಕೆಲಸವನ್ನು ಕಲಾ ನಿರ್ದೇಶಕ ಜಾನ್ ದೇವರಾಜ್ ನಿಭಾಯಿಸಿದರು. ರೈಲು ನಿಲ್ದಾಣದ ದೃಶ್ಯಗಳಿಗೆ ಅರಸಾಳು ನಿಲ್ದಾಣ ಒದಗಿತು. ಶೀರ್ಷಿಕೆಗೆ ನಾರಾಯಣ್ ಅವರ ತಮ್ಮ ಆರ್.ಕೆ. ಲಕ್ಷ್ಮಣ್ ಅವರ ರೇಖಾಚಿತ್ರ, ಎಲ್. ವೈದ್ಯನಾಥನ್ ಅವರ ಸಂಗೀತ.

ಧಾರಾವಾಹಿ ಹಿಂದಿಯಲ್ಲಿ, ಮೊದಲ 13 ಕಂತುಗಳು ಇಂಗ್ಲಿಷಿನಲ್ಲೂ ತಯಾರಾದವು. ಹಿಂದಿಯ ಪ್ರೇಕ್ಷಕರಿಗೆಂದು ಮುಂಬೈಯ ಪರಿಚಿತ ಮುಖಗಳನ್ನೇ ತುಂಬಬಹುದಿತ್ತು. ಶಂಕರ್ ನಾಗ್ ಹೆಚ್ಚಾಗಿ ನೆಚ್ಚಿದ್ದು ಕನ್ನಡದ ರಂಗಭೂಮಿ, ಚಿತ್ರರಂಗಗಳ ನಟರನ್ನು. ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ಅವನ ತಂದೆಯಾಗಿ ಗಿರೀಶ ಕಾರ್ನಾಡ್, ತಾಯಿಯಾಗಿ ವೈಶಾಲಿ ಕಾಸರವಳ್ಳಿ. ಅನಂತ ನಾಗ್, ಅರುಂಧತಿ ನಾಗ್, ರಮೇಶ್ ಭಟ್ ಬೇರೆ ಬೇರೆ ಕಥೆಗಳಲ್ಲಿ ಕಾಣಿಸಿದರು. ವಿಷ್ಣುವರ್ಧನ್ ಕೂಡ ಒಂದು ಕಂತಿನಲ್ಲಿ ಸಾಮಾನ್ಯ ಗುಮಾಸ್ತನಾಗಿ ಬಂದುಹೋದರು. ಶಂಕರ್ ಸ್ವತಃ ಅಲ್ಲಲ್ಲಿ ಪಾತ್ರ ವಹಿಸಿದರು. ಅರ್ಧ ಗಂಟೆಯ ಒಂದು ಕಂತಿನಲ್ಲಿ ಅಂಚೆಯವನೋ ಜ್ಯೋತಿಷಿಯೋ ಅಂಗಡಿಯವನೋ ನಾಯಕನಾಗುವ ಕಥೆಗಳು ಇವು. ಸಣ್ಣ ಪಾತ್ರ ಎಂಬುದೇ ಇಲ್ಲದ ಊರು ಮಾಲ್ಗುಡಿ. ಪೋಷಕ ನಟರ ಮೇಲೆ ಶಂಕರ್ ನಾಗ್ ಇಟ್ಟಿದ್ದ ನಂಬಿಕೆಗೆ ಇದಕ್ಕಿಂತ ಹೊಂದುವ ಊರು ಬೇರೊಂದಿರಲಿಲ್ಲ.

ಅವರು ನಿರ್ದೇಶಿಸಿದ 39 ಕಂತುಗಳು ದೇಶದ ಮೂಲೆ ಮೂಲೆಗೂ ತಲುಪಿದವು. ಮಲೆನಾಡಿನ ಮಳೆ, ಹಂಚಿನ ಮಾಡು, ಕನ್ನಡಿಗರ ಮುಖಚಹರೆಗಳನ್ನು ಉತ್ತರ ಭಾರತದ ಮಕ್ಕಳು ತಮ್ಮದೇ ಬಾಲ್ಯವೆಂಬಂತೆ ನೋಡಿದರು. 2006ರಲ್ಲಿ ಕವಿತಾ ಲಂಕೇಶ್ ನಿರ್ದೇಶನದಲ್ಲಿ ಇನ್ನೂ 15 ಕಂತುಗಳು ಸೇರಿ ಒಟ್ಟು 54 ಆದವು. ಆದರೆ ಮಾಲ್ಗುಡಿ ಎಂದಾಗ ಜನರ ಕಣ್ಣ ಮುಂದೆ ಬರುವುದು ಶಂಕರ್ ನಾಗ್ ಕಟ್ಟಿದ ಊರೇ.

ಖಾಕಿಯ ದಿನಗಳು, ನಗರದ ಕನಸು

ಮಾಲ್ಗುಡಿಯ ನಂತರವೂ ವಾಣಿಜ್ಯ ಚಿತ್ರಗಳ ಓಟ ನಿಲ್ಲಲಿಲ್ಲ. ಪೊಲೀಸ್ ಅಧಿಕಾರಿ ಎಚ್.ಟಿ. ಸಾಂಗ್ಲಿಯಾನ ಅವರ ಹೆಸರಿನಿಂದ ಸ್ಫೂರ್ತಿ ಪಡೆದು ಪಿ. ನಂಜುಂಡಪ್ಪ ನಿರ್ದೇಶಿಸಿದ 'ಸಾಂಗ್ಲಿಯಾನ' 1988ರಲ್ಲಿ ಭರ್ಜರಿ ಯಶಸ್ಸು ಕಂಡಿತು. ಮರುವರ್ಷ 'ಸಿಬಿಐ ಶಂಕರ್', 1990ರಲ್ಲಿ ಸಾಂಗ್ಲಿಯಾನದ ಎರಡನೇ ಭಾಗ. ಬಗೆಬಗೆಯ ವೇಷದಲ್ಲಿ ಅಪರಾಧಿಗಳ ನಡುವೆ ನುಸುಳುವ ಅಧಿಕಾರಿಯ ಪಾತ್ರ ಅವರಿಗೆ ಒಂದು ಅನುಕೂಲ ಒದಗಿಸಿತು. ಹೊಡೆದಾಟದ ಚಿತ್ರದೊಳಗೇ ಹಲವು ವ್ಯಕ್ತಿಗಳಾಗಿ ನಟಿಸುವ ಹಳೆಯ ರಂಗದ ಆಸೆ ಅಲ್ಲಿ ತೀರುತ್ತಿತ್ತು.

ಸುನೀಲ್ ಕುಮಾರ್ ದೇಸಾಯಿ ಹಾಡುಗಳಿಲ್ಲದ ರಹಸ್ಯ ಕಥೆ ಹಿಡಿದು ಬಂದಾಗ ಹೊಸ ನಿರ್ದೇಶಕನೆಂದು ಹಿಂದೆ ಸರಿಯಲಿಲ್ಲ. ಹಾಗೆ ಬಂದ 'ತರ್ಕ' ಕನ್ನಡದ ಉತ್ತಮ ಪತ್ತೇದಾರಿ ಚಿತ್ರಗಳ ಸಾಲಿಗೆ ಸೇರಿತು, ದೇಸಾಯಿಯವರಿಗೂ ದಾರಿ ತೆರೆಯಿತು.

ಚಿತ್ರರಂಗದ ಆಚೆಗೂ ಅವರ ತಲೆಯಲ್ಲಿ ಯೋಜನೆಗಳು ತುಂಬಿದ್ದವು. ಬೆಂಗಳೂರಿಗೆ ಮೆಟ್ರೊ ರೈಲು, ನಂದಿಬೆಟ್ಟಕ್ಕೆ ತೂಗುಹಗ್ಗದ ದಾರಿ, ಬಡವರಿಗೆ ಬೇಗ ಕಟ್ಟಬಹುದಾದ ಅಗ್ಗದ ಮನೆ ಇವುಗಳ ಬಗ್ಗೆ ಅವರು ಆಸಕ್ತಿ ವಹಿಸಿ ಓಡಾಡಿದರು. ಚಿತ್ರನಟನ ಹುಚ್ಚು ಎಂದು ನಕ್ಕವರೂ ಇದ್ದರು. ಬೆಂಗಳೂರಿನಲ್ಲಿ ಮೊದಲ ಮೆಟ್ರೊ ರೈಲು ಓಡಿದ್ದು 2011ರ ಅಕ್ಟೋಬರ್‌ನಲ್ಲಿ, ಅವರು ತೀರಿಕೊಂಡು ಇಪ್ಪತ್ತೊಂದು ವರ್ಷಗಳಾದ ಮೇಲೆ.

ಆನಗೋಡಿನ ಹೆದ್ದಾರಿ

1990ರ ಸೆಪ್ಟೆಂಬರ್ 30. 'ಜೋಕುಮಾರಸ್ವಾಮಿ' ಚಿತ್ರದ ಚಿತ್ರೀಕರಣಕ್ಕಾಗಿ ಶಂಕರ್ ನಾಗ್ ಉತ್ತರ ಕರ್ನಾಟಕದತ್ತ ಹೊರಟಿದ್ದರು. ಕಾರಿನಲ್ಲಿ ಪತ್ನಿ ಅರುಂಧತಿ, ಪುಟ್ಟ ಮಗಳು ಕಾವ್ಯ ಇದ್ದರು. ದಾವಣಗೆರೆ ಸಮೀಪದ ಆನಗೋಡಿನ ಬಳಿ ಕಾರು ಅಪಘಾತಕ್ಕೀಡಾಯಿತು. ಶಂಕರ್ ನಾಗ್ ಉಳಿಯಲಿಲ್ಲ. ಅರುಂಧತಿ ತೀವ್ರವಾಗಿ ಗಾಯಗೊಂಡರು, ಮಗಳು ಬದುಕುಳಿದಳು.

ಸುದ್ದಿ ಹಬ್ಬಿದ ದಿನ ಆಟೊಗಳು ನಿಂತವು, ಚಿತ್ರಮಂದಿರಗಳ ಮುಂದೆ ಜನ ಮೌನವಾಗಿ ಸೇರಿದರು. ರಸ್ತೆಯ ಸಾವನ್ನು ಕುರಿತು ಕನ್ನಡದ ಗಂಭೀರ ಚಿತ್ರವೊಂದನ್ನು ಮಾಡಿದವರು ರಸ್ತೆಯಲ್ಲೇ ಹೋದರು. ಅವರು ನಟಿಸಿ ಮುಗಿಸಿದ್ದ ಚಿತ್ರಗಳು ಆ ಬಳಿಕವೂ ಕೆಲಕಾಲ ಒಂದೊಂದಾಗಿ ತೆರೆಗೆ ಬರುತ್ತಿದ್ದವು.

ಉಳಿದದ್ದು ಏನು

ಶಂಕರ್ ನಾಗ್ ಹೆಚ್ಚು ಕಾಲ ಬದುಕಿದ್ದರೆ ಎಂಬ ಪ್ರಶ್ನೆ ಕನ್ನಡದಲ್ಲಿ ಮತ್ತೆ ಮತ್ತೆ ಕೇಳಿಬರುತ್ತದೆ. ಆ ಪ್ರಶ್ನೆಗಿಂತ ಅವರು ಮಾಡಿದ್ದನ್ನು ಲೆಕ್ಕ ಹಾಕುವುದು ಹೆಚ್ಚು ನ್ಯಾಯ. ಸುಮಾರು 80 ಚಿತ್ರಗಳಲ್ಲಿ ಬಹುಪಾಲು ದುಡಿಮೆಗಾಗಿ ಮಾಡಿದವು. ಬಿಡುವಿಲ್ಲದ ಆ ಸಹಿಗಳ ನಡುವೆ ಗಂಡುಗಲಿಯಂಥ ಇನ್ನೊಂದು ಪಾತ್ರಕ್ಕೆ ಅವರಿಗೆ ಸಮಯ ಸಿಕ್ಕಿದ್ದು ಕಡಿಮೆ. ನಟನಾಗಿ ಅವರು ಕಳೆದುಕೊಂಡದ್ದು ಇದು. ಪ್ರತಿಯಾಗಿ ಕನ್ನಡಕ್ಕೆ ಸಿಕ್ಕಿದ್ದು 'ಮಿಂಚಿನ ಓಟ', 'ಗೀತಾ', 'ಆಕ್ಸಿಡೆಂಟ್', ಮಾಲ್ಗುಡಿ, ಒಂದು ರಂಗತಂಡ, ಒಂದು ಧ್ವನಿಮುದ್ರಣ ಕೇಂದ್ರ, ಹಲವು ನಟರ ಬಾಳು. ತನ್ನ ಕತ್ತಿಯನ್ನು ಬಾಡಿಗೆಗೆ ಕೊಟ್ಟು, ಆ ಕೂಲಿಯನ್ನು ಊರಿಗೆ ಹಂಚಿದ ಯೋಧನ ಲೆಕ್ಕ ಇದು.

ಗಾಯದಿಂದ ಚೇತರಿಸಿಕೊಂಡ ಅರುಂಧತಿ ನಾಗ್ ರಂಗಭೂಮಿಗೆ ಮರಳಿದರು. ನಾಟಕಕ್ಕೆಂದೇ ಒಂದು ಮನೆ ಬೇಕೆಂಬ ಕನಸನ್ನು ವರ್ಷಗಳ ಕಾಲ ಬೆನ್ನು ಹತ್ತಿ, ದಾನಿಗಳನ್ನು ಹುಡುಕಿ, 2004ರ ಅಕ್ಟೋಬರ್‌ನಲ್ಲಿ ಬೆಂಗಳೂರಿನ ಜೆ.ಪಿ. ನಗರದಲ್ಲಿ ರಂಗಶಂಕರದ ಬಾಗಿಲು ತೆರೆದರು. ನಾಟಕ ನಿಗದಿತ ಸಮಯಕ್ಕೆ ಸರಿಯಾಗಿ ಆರಂಭವಾಗುತ್ತದೆ, ತಡವಾಗಿ ಬಂದವರಿಗೆ ಪ್ರವೇಶವಿಲ್ಲ ಎಂಬ ಅಲ್ಲಿನ ಶಿಸ್ತು ನಗರದ ಪ್ರೇಕ್ಷಕರಿಗೆ ಹೊಸ ಪಾಠವಾಯಿತು. ಅರಸಾಳಿನ ಹಳೆಯ ರೈಲು ನಿಲ್ದಾಣದ ಕಟ್ಟಡ 2020ರಲ್ಲಿ ಮಾಲ್ಗುಡಿ ವಸ್ತುಸಂಗ್ರಹಾಲಯವಾಯಿತು. ಆಗುಂಬೆಗೆ ಬರುವ ಪ್ರವಾಸಿಗರು ಮಳೆಯನ್ನೂ ಸೂರ್ಯಾಸ್ತವನ್ನೂ ನೋಡಿದ ಮೇಲೆ ಸ್ವಾಮಿಯ ಮನೆ ಯಾವುದೆಂದು ವಿಚಾರಿಸುತ್ತಾರೆ.

ಹೊನ್ನಾವರದಿಂದ ಭಟ್ಕಳದವರೆಗಿನ ಹೆದ್ದಾರಿಯಲ್ಲಿ ಸಾಗುವ ಆಟೊಗಳ ಬೆನ್ನಿಗೂ ಆ ಕೆದರಿದ ಕೂದಲಿನ ಮುಖ ಅಂಟಿಕೊಂಡಿರುವುದುಂಟು. ಅದನ್ನು ಅಂಟಿಸಿದ ಯುವಕರಲ್ಲಿ ಅನೇಕರು ಅವರು ಹೋದ ಎಷ್ಟೋ ವರ್ಷಗಳ ನಂತರ ಹುಟ್ಟಿದವರು. 'ಒಂದಾನೊಂದು ಕಾಲದಲ್ಲಿ' ಚಿತ್ರವನ್ನು ಅವರು ನೋಡಿರಲಿಕ್ಕಿಲ್ಲ. ತಮ್ಮ ಸೀಮೆಯ ಹುಡುಗನೊಬ್ಬ ದುಡಿದು, ಕನಸು ಕಂಡು, ಅರ್ಧ ದಾರಿಯಲ್ಲಿ ಹೋದನೆಂಬುದನ್ನು ಮಾತ್ರ ಅವರು ಮರೆತಿಲ್ಲ.